ವಿಧಿಯೆಂಬ ನೂತನ ದೈವ

ನಮ್ಮ ಊರಿನ ಮೂಡಣ ಭಾಗದಲ್ಲಿ ಒಂದು ನೂತನ ದೈವದ ಪ್ರತಿಷ್ಠಾಪನೆಯಾಗಿ ಕೆಲವು ಕಾಲವಾಯಿತು. ಅದಕ್ಕೆ ಗುಡಿಯಿಲ್ಲ, ಗೋಪುರವಿಲ್ಲ, ಪೂಜಾರಿಯಿಲ್ಲ, ಪರಿಷೆಯಿಲ್ಲ. ಆದರೂ ಹಲಸೂರಿನ ಸೋಮೇಶ್ವರಸ್ವಾಮಿಯ ಒಕ್ಕಲನ್ನೂ ಶಿವಾಜಿನಗರದ ಮೇರಿಮಾತೆಯ ಒಕ್ಕಲನ್ನೂ ಒಟ್ಟುಗೂಡಿಸಿದರೂ ಈ ದೈವದ ಒಕ್ಕಲಿಗೆ ಸಮವಾಗಲಾರದು. ಹಿಂದೂ ಮುಸಲ್ಮಾನ ಕ್ರೈಸ್ತರೆಂಬ ಮತಭೇದವಿಲ್ಲದೆ, ಕನ್ನಡ ತಮಿಳು ತೆಲುಗು ಉರ್ದು ಎಂಬ ಭಾಷಾಭೇದವೂ ಇಲ್ಲದೆ ದಂಡುಪ್ರದೇಶದ ಸಕಲರೂ ಅದಕ್ಕೆ ಕೈಮುಗಿಯುತ್ತಾರೆ. ಅದರ ಕ್ಷೇತ್ರ ಹೆದ್ದಾರಿ; ಅದರ ಅಧಿಕಾರ ದಾರಿಗರ ಮೇಲೆ; ಅದರ ಹೆಸರು ವಿಧಿ.

ಈ ದೈವವು ಕೇವಲ ಕಲ್ಪಿತವೆಂಬುದೂ, ಅದನ್ನು ಕಲ್ಪಿಸಿದವರು ಅನಕ್ಷರಸ್ಥರಲ್ಲ, ಓದುಬರಹ ಬಲ್ಲ ನಾವೇ ಎಂಬುದೂ, ಅದರಿಂದ ಲಾಭ ಹೊಂದುತ್ತಿರುವವರು ಸತ್ತವರ ಮನೆಯವರಲ್ಲ, ರಸ್ತೆಯ ಹೊಣೆಯನ್ನು ಹೊತ್ತವರೆಂಬುದೂ ಈ ಲೇಖನದ ಪ್ರತಿಜ್ಞೆ. ಮಾತು ಕೆಲವರಿಗೆ ಕಟುವೆನಿಸಬಹುದು, ಎನಿಸಲಿ.

ಹಳೆಯ ಮದರಾಸು ರಸ್ತೆಯನ್ನು ವಾಚಕರೆಲ್ಲರೂ ಬಲ್ಲರು. ಹಲಸೂರಿನ ಕೆರೆಯ ಕಡೆಯಿಂದ ಹೊರಟು, ಇಂದಿರಾನಗರದ ಅಂಚನ್ನು ಸವರಿ, ಬೈಯಪ್ಪನಹಳ್ಳಿ, ಟಿನ್ ಫ್ಯಾಕ್ಟರಿಗಳನ್ನು ದಾಟಿ, ಕೃಷ್ಣರಾಜಪುರದಲ್ಲಿ 2003ರಲ್ಲಿ ಸಂಚಾರಕ್ಕೆ ತೆರೆದ ತೂಗುಸೇತುವೆಯನ್ನು ಏರಿಳಿದು ಅದು ಹೊಸಕೋಟೆ, ಕೋಲಾರ, ಮುಳಬಾಗಿಲುಗಳ ಕಡೆಗೆ ಸಾಗುತ್ತದೆ. ಮೇಲುಗಡೆ ಮೆಟ್ರೊ ರೈಲು ಓಡುತ್ತಿದೆ. 2011ರಲ್ಲಿ ಬೈಯಪ್ಪನಹಳ್ಳಿಯಿಂದ ಹೊರಟ ಆ ರೈಲು 2023ರಲ್ಲಿ ಕೃಷ್ಣರಾಜಪುರವನ್ನೂ ವೈಟ್‌ಫೀಲ್ಡನ್ನೂ ಮುಟ್ಟಿತು. ಕೆಳಗಡೆಯಾದರೋ ನೀರಿನ ಟ್ಯಾಂಕರುಗಳು, ಜಲ್ಲಿ ತುಂಬಿದ ಲಾರಿಗಳು, ಬಸ್ಸುಗಳು, ಬೆನ್ನಿಗೆ ಊಟದ ಪೆಟ್ಟಿಗೆಯನ್ನು ಕಟ್ಟಿಕೊಂಡು ನಿಮಿಷಗಳನ್ನೆಣಿಸುತ್ತ ಓಡುವ ಬೈಕಿನ ಹುಡುಗರು, ಇವರೆಲ್ಲರ ನಡುವೆ ರಸ್ತೆ ದಾಟಲು ಒಂದು ಕಾಲನ್ನು ಮುಂದಿಟ್ಟು ಮತ್ತೆ ಹಿಂದೆಗೆಯುವ ಪಾದಚಾರಿ. ಇಂಥ ದಾರಿಯಲ್ಲಿ ಒಬ್ಬನು ಸತ್ತನೆನ್ನೋಣ. ಮಾರನೆಯ ದಿನದ ಪತ್ರಿಕೆಯಲ್ಲಿ ಏನು ಬರುತ್ತದೆ? ಯಮಸ್ವರೂಪಿಯಾದ ಟ್ಯಾಂಕರು ಬರುತ್ತದೆ, ಜವರಾಯನ ಅಟ್ಟಹಾಸ ಬರುತ್ತದೆ, ವಿಧಿಯ ಕ್ರೂರ ಲೀಲೆ ಬರುತ್ತದೆ. ಹಳಗನ್ನಡದ ಚಂಪೂಕವಿಗಳೂ ಒಂದೇ ಪದ್ಯದಲ್ಲಿ ಇಷ್ಟು ದೇವತೆಗಳನ್ನು ಇಳಿಸಲು ಹಿಂಜರಿದಾರು. ಆದರೆ ಆ ಟ್ಯಾಂಕರಿನ ಚಾಲಕನು ಎಷ್ಟು ಗಂಟೆಗಳಿಂದ ನಿದ್ರೆಯಿಲ್ಲದೆ ದುಡಿಯುತ್ತಿದ್ದನು, ಅದರ ಬ್ರೇಕು ಹೇಗಿತ್ತು, ಒಡೆಯನಾರು, ರಸ್ತೆಯನ್ನು ಅಗೆದವರಾರು, ಅಗೆದುದನ್ನು ಯಾವ ದಿನದೊಳಗೆ ಮುಚ್ಚಬೇಕಾಗಿತ್ತು, ಬೀದಿಯ ದೀಪ ಉರಿಯುತ್ತಿತ್ತೇ, ಇವು ಬರುವುದಿಲ್ಲ. ವಿಧಿಯು ಬಂದ ಮೇಲೆ ಇವರೆಲ್ಲರಿಗೂ ಬಿಡುವು.

ಭಾಷೆಯನ್ನು ಪ್ರೀತಿಸುವವರು ಇಲ್ಲಿ ಒಂದು ಕ್ಷಣ ನಿಲ್ಲಬೇಕು. ‘ವಿಧಿ’ ಎಂಬ ಶಬ್ದಕ್ಕೆ ಬ್ರಹ್ಮನೆಂಬ ಅರ್ಥವುಂಟು, ಅದೃಷ್ಟವೆಂಬ ಅರ್ಥವೂ ಉಂಟು. ಆದರೆ ಶಾಸ್ತ್ರಕಾರರಿಗೆ ವಿಧಿಯೆಂದರೆ ಮುಖ್ಯವಾಗಿ ಕಟ್ಟಳೆ. ಮಾಡತಕ್ಕದ್ದು ವಿಧಿ, ಮಾಡಬಾರದ್ದು ನಿಷೇಧ. ಕೆಂಪು ದೀಪಕ್ಕೆ ನಿಲ್ಲತಕ್ಕದ್ದೆಂಬುದು ವಿಧಿ. ಅಗೆದ ಹಳ್ಳದ ಸುತ್ತ ಬೇಲಿ ಕಟ್ಟತಕ್ಕದ್ದೆಂಬುದು ವಿಧಿ. ಈ ವಿಧಿಯನ್ನು ಮೀರಿದ್ದರಿಂದಾದ ಸಾವನ್ನೇ ನಾವು ವಿಧಿಯಿಂದಾದ ಸಾವೆಂದು ಅಚ್ಚುಮಾಡುತ್ತಿದ್ದೇವೆ! ಇನ್ನು ‘ಅಪಘಾತ’ವೆಂಬ ಶಬ್ದವನ್ನು ನೋಡಿರಿ. ಅದರಲ್ಲಿ ಅದೃಷ್ಟದ ಸುಳಿವೇ ಇಲ್ಲ. ಘಾತವೆಂದರೆ ಹೊಡೆತ, ಹೊಡೆತವಿದ್ದಲ್ಲಿ ಹೊಡೆದುದೊಂದು ಇರಲೇಬೇಕು. ಕನ್ನಡವು ನಮಗೆ ನೇರವಾದ ಮಾತನ್ನು ಕೊಟ್ಟಿರುವಾಗ ಅದರ ಮೇಲೆ ವಿಧಿಯ ಮುಸುಕನ್ನೆಳೆಯುವವರು ನಾವೇ.

ದೇವತೆಗಳನ್ನು ಕಲ್ಪಿಸುವುದು ತಪ್ಪೆಂದು ನಾನು ಹೇಳುವವನಲ್ಲ. ಅದು ಕವಿಗಳ ಹಕ್ಕು. ಐರ್ಲೆಂಡಿನ ಡನ್ಸೇನಿ ಪ್ರಭುಗಳು 1905ರಲ್ಲಿ ‘ದಿ ಗಾಡ್ಸ್ ಆಫ್ ಪೆಗಾನ’ ಎಂಬ ಗ್ರಂಥವನ್ನು ಪ್ರಕಟಿಸಿದರು. ಅದರ ಲೋಕವೂ ಕಲ್ಪಿತ, ದೇವತೆಗಳೂ ಕಲ್ಪಿತ. ಅಲ್ಲಿ ರೂನ್ ಎಂಬೊಬ್ಬನು ಹೋಗುವಿಕೆಗೆ ಅಧಿದೇವತೆ. ಅವನಿಂದ ಬೇರೆಯಾಗಿ, ಆದಿಗಿಂತ ಮುಂಚೆಯೇ ವಿಧಿಯೂ ಯದೃಚ್ಛೆಯೂ ಈ ಲೋಕದ ಆಟ ಯಾರದೆಂದು ಚೀಟಿಯೆತ್ತಿದರೆಂದೂ ಗೆದ್ದವರಾರೆಂಬುದು ಯಾರಿಗೂ ತಿಳಿಯದೆಂದೂ ಕಥೆ. ಇಂದಿನ ತರುಣರು ದಾಳವನ್ನುರುಳಿಸಿ ಆಡುವ ಕಲ್ಪನಾಲೋಕದ ಆಟಗಳಲ್ಲಿಯೂ ದಾರಿಗರಿಗೂ ಅದೃಷ್ಟಕ್ಕೂ ಒಡೆಯರಾದ ದೇವದೇವಿಯರುಂಟು. ಆಟ ಮುಗಿದೊಡನೆ ದಾಳವೂ ದೇವಿಯೂ ಒಂದೇ ಪೆಟ್ಟಿಗೆಯನ್ನು ಸೇರುತ್ತವೆ. ಡನ್ಸೇನಿಯವರ ಪುಸ್ತಕವನ್ನೋದಿದ ಯಾವ ಇಂಜಿನಿಯರನೂ ತನ್ನ ರಸ್ತೆಯ ಗುಂಡಿಗೆ ರೂನನನ್ನು ಹೊಣೆಮಾಡಿದ್ದನ್ನು ಕೇಳಿಲ್ಲ. ಕಲ್ಪನೆಯು ಕಲ್ಪನೆಯೆಂದು ತಿಳಿದಿರುವ ತನಕ ಅದರಿಂದ ಯಾರಿಗೂ ಹಾನಿಯಿಲ್ಲ. ನಮ್ಮ ವಿಧಿಯ ವಿಷಯದಲ್ಲಿ ಆ ತಿಳಿವು ಅಳಿಸಿಹೋಗಿದೆ, ಹಾನಿಯಿರುವುದು ಅಲ್ಲಿ.

‘ಇದು ನಮ್ಮ ಪೂರ್ವಿಕರ ಶ್ರದ್ಧೆ, ಇದನ್ನು ಮುಟ್ಟಬೇಡಿ’ ಎಂದು ಕೆಲವರು ಕೋಪಿಸಿಕೊಳ್ಳುತ್ತಾರೆ. ಪೂರ್ವಿಕರಿಗೆ ದಾರಿಯ ದೇವರಿದ್ದದ್ದು ನಿಜ. ಆದರೆ ಆತನು ಈ ವಿಧಿಯಲ್ಲ. ಋಗ್ವೇದದಲ್ಲಿ ಪೂಷನೆಂಬ ದೇವತೆಯೊಬ್ಬನಿದ್ದಾನೆ. ಆಡುಗಳನ್ನು ಕಟ್ಟಿದ ಬಂಡಿ ಆತನದು. ಅಂಬಲಿಯಂಥ ಹಿಟ್ಟಿನ ಆಹಾರ ಆತನದು. ಹಾದಿಗಳ ಒಡೆತನ ಆತನದು. ಮೊದಲನೆಯ ಮಂಡಲದ 42ನೆಯ ಸೂಕ್ತದಲ್ಲಿ ಋಷಿಯು ಆತನನ್ನು ಬೇಡುವುದೇನೆಂದರೆ, ದಾರಿಗಡ್ಡವಾದ ತೋಳನನ್ನೂ ಕಾದು ಕುಳಿತ ಕಳ್ಳನನ್ನೂ ಅಟ್ಟಿ ಹಾದಿಯನ್ನು ಸುಗಮಮಾಡಿಕೊಡಬೇಕೆಂದು. ಗಮನಿಸಿರಿ, ತೋಳನ ಬಾಯಿಗೆ ಬಿದ್ದವನ ಹಣೆಬರಹ ಅಷ್ಟೇ ಎಂದು ಋಷಿಯು ಸುಮ್ಮನಾಗಲಿಲ್ಲ. ದಾರಿಯನ್ನು ಸರಿಪಡಿಸುವ ಕೆಲಸವನ್ನು ದೇವರಿಗೇ ಹಚ್ಚಿದನು.

ಅಷ್ಟು ದೂರ ಹೋಗುವುದೇಕೆ? ನಮ್ಮ ದಂಡಿನ ಬೀದಿಗಳಲ್ಲಿಯೇ ನೋಡಬಹುದು. ಹೊಸ ಆಟೋರಿಕ್ಷಾವನ್ನು ಮುನೇಶ್ವರನ ಗುಡಿಯ ಮುಂದೆ ನಿಲ್ಲಿಸಿ, ಚಕ್ರದಡಿಯಲ್ಲಿ ನಿಂಬೆಹಣ್ಣಿಟ್ಟು ಹರಿಸಿ, ತೆಂಗಿನಕಾಯಿ ಒಡೆದು ಹೊರಡುವ ಚಾಲಕನು ಕಾಯುವ ದೇವರೊಂದಿಗೆ ಒಂದು ಒಪ್ಪಂದವನ್ನು ಮಾಡಿಕೊಳ್ಳುತ್ತಾನೆ. ಶಿವಾಜಿನಗರದ ಮುಸಲ್ಮಾನರ ಮನೆಗಳಲ್ಲಿ ದೂರ ಹೊರಟವನ ತೋಳಿಗೆ ಬಟ್ಟೆಯಲ್ಲಿ ಸುತ್ತಿದ ನಾಣ್ಯವನ್ನು ಕಟ್ಟುವ ಪದ್ಧತಿಯುಂಟು. ಇಮಾಂ ಜಾಮಿನ್ ಎಂದು ಅದರ ಹೆಸರು. ಕ್ಷೇಮವಾಗಿ ಸೇರಿದ ಮೇಲೆ ಆ ಹಣ ಬಡವರಿಗೆ ಸಲ್ಲತಕ್ಕದ್ದು. ಕ್ರೈಸ್ತರಿಗೆ ಸಂತ ಕ್ರಿಸ್ಟಾಫರನು ದಾರಿಗರ ರಕ್ಷಕ. ಹೊಳೆಯ ದಡದಲ್ಲಿದ್ದು ಪಯಣಿಗರನ್ನು ಹೆಗಲ ಮೇಲೆ ಹೊತ್ತು ದಾಟಿಸಿದವನೆಂದು ಆತನ ಕಥೆ. ರೋಮಿನ ಧರ್ಮಪೀಠವು 1969ರಲ್ಲಿ ತನ್ನ ಸಾರ್ವತ್ರಿಕ ಪಂಚಾಂಗದಿಂದ ಆತನ ಹಬ್ಬವನ್ನು ಕೈಬಿಟ್ಟರೂ ಆತನ ಪದಕವು ಮೋಟಾರುಗಳಲ್ಲಿ ತೂಗುವುದು ನಿಲ್ಲಲಿಲ್ಲ. ಇವರಲ್ಲಿ ಒಬ್ಬನು ಹಾದಿಯನ್ನು ತೆರವುಮಾಡುವವನು, ಇನ್ನೊಬ್ಬನು ಕಾವಲಿರುವವನು, ಮತ್ತೊಬ್ಬನು ಹೊರುವವನು. ಎಲ್ಲರೂ ಕೆಲಸಗಾರರು, ಎಲ್ಲರೂ ಭಕ್ತನಿಂದ ಒಂದು ಕಾಸನ್ನೋ ಕಾಯನ್ನೋ ಕೇಳುವವರು. ನೂತನ ದೈವವಾದ ವಿಧಿಯೊಂದೇ ಏನನ್ನೂ ಮಾಡದು, ಯಾರಿಂದಲೂ ಏನನ್ನೂ ಕೇಳದು. ನಿಂಬೆಹಣ್ಣಿನ ಚಾಲಕನನ್ನು ಕಂಡು ಮೌಢ್ಯವೆಂದು ನಗುವ ಪದವೀಧರರೇ ವಿಧಿಯ ಪರಮಭಕ್ತರಾಗಿರುವುದು ಇದರ ಸೋಜಿಗ.

ಈಗ ದೊಡ್ಡ ಆಕ್ಷೇಪಣೆಗೆ ಬರುತ್ತೇನೆ. ‘ಸ್ವತಃ ಡಿ.ವಿ.ಜಿ.ಯವರೇ ಹೇಳಿಲ್ಲವೆ?’ ಎನ್ನುತ್ತಾರೆ. 1943ರಲ್ಲಿ ಪ್ರಕಟವಾದ ‘ಮಂಕುತಿಮ್ಮನ ಕಗ್ಗ’ದಲ್ಲಿ ಬಾಳನ್ನು ಜಟಕಾ ಗಾಡಿಗೂ ವಿಧಿಯನ್ನು ಅದರ ಸಾಹೇಬನಿಗೂ ಹೋಲಿಸಿದ ಪದ್ಯವೊಂದುಂಟು. ಕನ್ನಡ ಬಲ್ಲ ಮನೆಗಳಲ್ಲಿ ಅದನ್ನರಿಯದವರು ಅಪೂರ್ವ. ರಸ್ತೆಯಲ್ಲಿ ಯಾರಾದರೂ ಸತ್ತ ಸುದ್ದಿ ಬಂದೊಡನೆ ಈ ಪದ್ಯವನ್ನು ಅರ್ಧ ನೆನೆದು, ನಿಟ್ಟುಸಿರು ಬಿಟ್ಟು, ಕಾಫಿ ಕುಡಿಯುವುದು ನಮ್ಮಲ್ಲಿ ಒಂದು ಸಂಪ್ರದಾಯವೇ ಆಗಿದೆ. ಪದ್ಯಕ್ಕೆ ಇದಕ್ಕಿಂತ ಹೆಚ್ಚಿನ ಅನ್ಯಾಯವನ್ನು ನಾನು ಕಾಣೆ.

ಮೊದಲನೆಯದಾಗಿ, ಆ ಪದ್ಯದಲ್ಲಿ ನಾವು ಯಾರು? ಉದ್ಧರಿಸುವವರೆಲ್ಲರೂ ತಾವು ಗಾಡಿಯೊಳಗೆ ಕುಳಿತ ಪಯಣಿಗರೆಂದು ಭಾವಿಸಿರುವಂತೆ ತೋರುತ್ತದೆ. ಕವಿಯು ಓದುಗನನ್ನು ಅಲ್ಲಿ ಕೂರಿಸಲೇ ಇಲ್ಲ. ಮೂಕಿಗೆ ಕಟ್ಟಿದ ಕುದುರೆಯೇ ನೀನೆಂದು ಹೇಳಿದ್ದಾನೆ. ಎಳೆಯುವ ಕೆಲಸ ನಮ್ಮದು. ಕುದುರೆಗೆ ಕೈಕಟ್ಟಿ ಕೂರುವ ಸ್ವಾತಂತ್ರ್ಯವೆಲ್ಲಿ? ಎರಡನೆಯದಾಗಿ, ಸಾಹೇಬನು ಹಗ್ಗ ಹಿಡಿಯುತ್ತಾನೆ, ಕಡೆ ಹೇಳುತ್ತಾನೆ, ನಿಜ. ಅವನು ರಸ್ತೆಯನ್ನು ಹಾಕಿದವನೆಂದು ಎಲ್ಲಿ ಹೇಳಿದೆ? ಹಳ್ಳವನ್ನು ತೋಡಿ ಬಿಟ್ಟವನೆಂದು ಎಲ್ಲಿ ಹೇಳಿದೆ? ಮೂರನೆಯದಾಗಿ, ಕಾಲು ಕುಸಿದರೆ ನೆಲವು ಆಧಾರವಾದೀತೆಂಬ ಭಾವದೊಂದಿಗೆ ಪದ್ಯವು ಮುಗಿಯುತ್ತದೆ. ಅದು ಓಡಿ ದಣಿದವನಿಗೆ ಹೇಳಿದ ಸಮಾಧಾನ. ನಮ್ಮ ಬೀದಿಗಳಲ್ಲಿ ಕಾಲು ಕುಸಿದವನಿಗೆ ಕೆಳಗೆ ನೆಲವೂ ಇಲ್ಲದಂತೆ ಮುಚ್ಚಳವಿಲ್ಲದ ಚರಂಡಿಯನ್ನಿಟ್ಟವರು ಈ ಪದ್ಯವನ್ನು ನಾಲಿಗೆಯ ಮೇಲೆ ತರದಿದ್ದರೆ ಲೇಸು.

ಇನ್ನು ಆ ಸಾಹೇಬನಾದರೂ ಎಂಥವನು? ಜಟಕಾ ಸಾಹೇಬನನ್ನು ದಂಡು ರೈಲ್ವೆ ನಿಲ್ದಾಣದ ಮುಂದೆ ಕಂಡ ತಲೆಮಾರು ಈಗ ತೀರಾ ವಿರಳವಾಗಿದೆ. ಅದರಿಂದಲೇ ಅವನು ದೇವರ ಪದವಿಗೇರಿದನೋ ಏನೊ. ಬಾಡಿಗೆ ಗಾಡಿಗಳಿಗೆ ಆಗ ಕಟ್ಟುನಿಟ್ಟಿತ್ತು. ಬ್ರಿಟಿಷ್ ಇಂಡಿಯಾದಲ್ಲಿ 1879ರ ಹ್ಯಾಕ್ನಿ ಗಾಡಿಗಳ ಕಾನೂನು ಊರುಗಳ ಮುನಿಸಿಪಾಲಿಟಿಗಳಿಗೂ ದಂಡುಗಳ ಅಧಿಕಾರಿಗಳಿಗೂ ಗಾಡಿಯ ಲೈಸೆನ್ಸು, ಬಾಡಿಗೆಯ ದರ ಮೊದಲಾದವುಗಳ ಬಗ್ಗೆ ನಿಯಮ ಮಾಡುವ ಅಧಿಕಾರವನ್ನು ಕೊಟ್ಟಿತ್ತು. ಅಂದಮೇಲೆ ಸಾಹೇಬನೆಂದರೆ ಲೆಕ್ಕಕ್ಕೆ ಸಿಕ್ಕುವ ಮನುಷ್ಯ. ತಪ್ಪಿದರೆ ದಂಡ ತೆರುವ ಮನುಷ್ಯ. ನಾವು ಅವನ ಕೈಯ ಚಾವಟಿಯನ್ನು ಮಾತ್ರ ಉಳಿಸಿಕೊಂಡು, ಕಟ್ಟುಪಾಡನ್ನು ಕಿತ್ತೆಸೆದು, ಅವನನ್ನು ದೈವವೆಂದು ಪೀಠದ ಮೇಲೆ ಕೂರಿಸಿದ್ದೇವೆ.

ಡಿ.ವಿ.ಜಿ.ಯವರ ಬಾಳೇ ಈ ಭಕ್ತರಿಗೆ ಉತ್ತರ. 1887ರಲ್ಲಿ ಅವರು ಹುಟ್ಟಿದ್ದು ಇದೇ ಮದರಾಸು ರಸ್ತೆಯ ಮೇಲಿನ ಮುಳಬಾಗಿಲಿನಲ್ಲಿ. ಜೀವನೋಪಾಯಕ್ಕೆ ಹಿಡಿದದ್ದು ಪತ್ರಿಕೋದ್ಯೋಗ. ಕಗ್ಗ ಬಂದ ಎರಡು ವರ್ಷಕ್ಕೆ, 1945ರಲ್ಲಿ, ಗೋಖಲೆ ಸಾರ್ವಜನಿಕ ವಿಚಾರ ಸಂಸ್ಥೆಯನ್ನು ಸ್ಥಾಪಿಸಿದರು. ಎಲ್ಲವೂ ವಿಧಿಯ ಕೈಯಲ್ಲಿದೆಯೆಂದು ನಂಬಿದವನು ಪುರಜನರಿಗೆ ರಾಜ್ಯಶಾಸ್ತ್ರವನ್ನು ಬೋಧಿಸಲು ಸಂಸ್ಥೆಯನ್ನು ಕಟ್ಟುತ್ತಾನೆಯೆ?

ಶಾಸ್ತ್ರಪ್ರಮಾಣ ಬೇಕೆನ್ನುವವರಿಗೆ ಎರಡೇ ಮಾತು. ಒಂದೇ ಚಕ್ರದಿಂದ ರಥವು ಸಾಗದಿರುವಂತೆ ಪುರುಷಪ್ರಯತ್ನವಿಲ್ಲದೆ ದೈವವು ಫಲಿಸದೆಂದು ಯಾಜ್ಞವಲ್ಕ್ಯ ಸ್ಮೃತಿಯು ಆಚಾರಾಧ್ಯಾಯದ ರಾಜಧರ್ಮ ಪ್ರಕರಣದಲ್ಲಿ ಹೇಳುತ್ತದೆ. ರಾಜಧರ್ಮದಲ್ಲಿ ಎಂಬುದನ್ನು ಮರೆಯಬಾರದು. ಈ ಮಾತನ್ನು ಹೇಳಿದ್ದು ಆಳುವವರಿಗೆ. ಯೋಗವಾಸಿಷ್ಠದ ಮುಮುಕ್ಷುವ್ಯವಹಾರ ಪ್ರಕರಣವಂತೂ ಇನ್ನೂ ಮುಂದೆ ಹೋಗಿ, ದೈವವೆಂಬುದೇ ಮೂಢರು ಕಲ್ಪಿಸಿಕೊಂಡದ್ದೆಂದು ರಾಮನಿಗೆ ವಸಿಷ್ಠರ ಬಾಯಿಂದ ಹೇಳಿಸುತ್ತದೆ. ಕಲ್ಪಿತ ದೈವವೆಂಬ ನನ್ನ ಮಾತಿಗೆ ಇಷ್ಟು ಹಳೆಯ ಆಧಾರವಿರುವಾಗ ನಾನು ಪಶ್ಚಿಮದ ನಾಸ್ತಿಕರಿಂದ ಸಾಲ ತಂದೆನೆಂದು ಯಾರೂ ದೂರಲಾರರು.

ದೇವತೆಯನ್ನು ನೆನೆದೂ ಹೊಣೆಯನ್ನು ಬಿಡದಿರುವುದು ಸಾಧ್ಯವೆ? ಸಾಧ್ಯವೆಂಬುದಕ್ಕೆ ಇದೇ ದಂಡುಪ್ರದೇಶದ ಚರಿತ್ರೆ ಸಾಕ್ಷಿ. 1898ರಲ್ಲಿ ಬೆಂಗಳೂರಿಗೆ ಪ್ಲೇಗು ಬಂದಿತು. ಜನ ಊರು ಬಿಟ್ಟರು, ಗುಡಿಸಲು ಹಾಕಿಕೊಂಡರು, ದಿಕ್ಕು ತೋಚದೆ ಹೊಸದೊಂದು ದೇವತೆಯನ್ನು ಕರೆದರು. ಪ್ಲೇಗಿನ ಮಾರಮ್ಮನ ಗುಡಿಗಳು ಎದ್ದದ್ದು ಹಾಗೆ. ಕೆಲವು ಇಂದಿಗೂ ಪೂಜೆಗೊಳ್ಳುತ್ತಿವೆ. ಅದನ್ನು ಕಂಡು ನಾನು ನಗಲಾರೆ. ಆದರೆ ಮಾರಮ್ಮನ ಹೆಸರನ್ನು ಹೇಳಿ ಊರಿನವರು ಇಲಿಗಳನ್ನು ಬಿಲದಲ್ಲಿ ಬಿಟ್ಟು ಸುಮ್ಮನಿರಲಿಲ್ಲ. ದಂಡಿನ ಇಕ್ಕಟ್ಟು ಕೇರಿಗಳಿಂದ ಆಚೆಗೆ ಹೊಸ ಬಡಾವಣೆಯನ್ನು ಗೆರೆಯೆಳೆದು ಹಾಕಿದರು. 1910ರ ಸುಮಾರಿಗೆ ನೆಲೆಗೊಂಡ ಫ್ರೇಜರ್ ಟೌನು ಅದೇ. ಗಾಳಿ ಬೆಳಕಿಗೆ ತೆರೆದ ಅಗಲವಾದ ರಸ್ತೆಗಳು, ಇಲಿ ನುಗ್ಗದಂತೆ ಕಟ್ಟಿದ ಮನೆಗಳು. ಮುನಿಸಿಪಲ್ ಇಂಜಿನಿಯರರಾಗಿದ್ದ ಜೆ.ಎಚ್. ಸ್ಟೀಫನ್ಸರು ಪ್ಲೇಗು ತಟ್ಟದ ಊರನ್ನು ಕಟ್ಟುವ ಬಗೆಯನ್ನು ಕುರಿತು 1914ರಲ್ಲಿ ಒಂದು ಗ್ರಂಥವನ್ನೇ ಪ್ರಕಟಿಸಿದರು. ಅವರ ಹೆಸರಿನ ರಸ್ತೆ ಅಲ್ಲಿ ಇಂದಿಗೂ ಇದೆ. ಆಳುತ್ತಿದ್ದವರು ಪರಕೀಯರು; ಆ ಕಾಲದ ಅವರ ಬಲಾತ್ಕಾರದ ಕ್ರಮಗಳನ್ನು ಹೊಗಳುವವನು ನಾನಲ್ಲ. ಆದರೂ ಅಷ್ಟು ಸಾವುಗಳನ್ನು ಕಂಡ ಇಂಜಿನಿಯರನೊಬ್ಬನು ವಿಧಿಯೆಂದು ಷರಾ ಬರೆದು ಕಡತ ಮುಚ್ಚಲಿಲ್ಲ. ಮನೆಯ ತಳಪಾಯ ಹೇಗಿರಬೇಕೆಂದು ಚಿತ್ರ ಬರೆದನು.

ಇಂದಿನ ಪ್ಲೇಗು ರಸ್ತೆಯಲ್ಲಿದೆ. ಕೇಂದ್ರ ಸರ್ಕಾರದ ಲೆಕ್ಕದಂತೆ 2022ರ ಒಂದೇ ವರ್ಷದಲ್ಲಿ ಭಾರತದ ರಸ್ತೆಗಳಲ್ಲಿ ಸತ್ತವರು 1,68,491 ಮಂದಿ. ಎಂದರೆ ದಿನವೊಂದಕ್ಕೆ 461ಕ್ಕೆ ಕಡಿಮೆಯಿಲ್ಲ. 2013ರಿಂದ 2017ರವರೆಗಿನ ಐದು ವರ್ಷಗಳಲ್ಲಿ ಕೇವಲ ರಸ್ತೆಗುಂಡಿಗಳಿಂದ 14,926 ಮಂದಿ ಸತ್ತರೆಂಬ ಲೆಕ್ಕವನ್ನು ನೋಡಿ ದೇಶದ ಸರ್ವೋಚ್ಚ ನ್ಯಾಯಾಲಯವು 2018ರ ಡಿಸೆಂಬರಿನಲ್ಲಿ ಇದು ಒಪ್ಪತಕ್ಕ ಸಂಗತಿಯಲ್ಲವೆಂದಿತು. ವಿಧಿಯು ಐದು ವರ್ಷ ಕಾಲ ಗುಂಡಿಗಳನ್ನೇ ಆರಿಸಿಕೊಂಡಿತೆಂದು ನಂಬುವವರು ನಂಬಲಿ. 2023ರ ಜನವರಿ 10ರ ಬೆಳಗ್ಗೆ ನಾಗವಾರದ ಬಳಿ ಹೊರವರ್ತುಲ ರಸ್ತೆಯಲ್ಲಿ, ಕಟ್ಟುತ್ತಿದ್ದ ಮೆಟ್ರೊ ಕಂಬದ ಕಬ್ಬಿಣದ ಚೌಕಟ್ಟು ಉರುಳಿ, ಸ್ಕೂಟರಿನಲ್ಲಿ ಹೋಗುತ್ತಿದ್ದ ತಾಯಿಯೂ ಪುಟ್ಟ ಮಗುವೂ ಸತ್ತರು. ಅಂದು ವಿಧಿಯ ಹೆಸರು ಎಷ್ಟು ಬಾಯಿಗಳಲ್ಲಿ ಬಂದಿತೋ! ಪೊಲೀಸರು ಮೊಕದ್ದಮೆ ಹೂಡಿದ್ದು ವಿಧಿಯ ಮೇಲಲ್ಲ, ಗುತ್ತಿಗೆದಾರರ ಮತ್ತು ಇಂಜಿನಿಯರರ ಮೇಲೆ. ಅಷ್ಟರ ಮಟ್ಟಿಗೆ ಪೊಲೀಸು ಠಾಣೆಯ ಕನ್ನಡವು ಪತ್ರಿಕೆಯ ಕನ್ನಡಕ್ಕಿಂತ ನಿರ್ದುಷ್ಟವಾಗಿದೆ.

ಕಾನೂನಿನಲ್ಲಿ ವಿಧಿಗೆ ಎಡೆಯಿಲ್ಲದಂತೆ ಮಾಡುವ ಪ್ರಯತ್ನವೂ ನಡೆದಿದೆ. 1988ರ ಮೋಟಾರು ವಾಹನಗಳ ಕಾಯಿದೆಗೆ 2019ರಲ್ಲಿ ಆದ ತಿದ್ದುಪಡಿಯು 198ಎ ಎಂಬ ಕಲಮನ್ನು ಸೇರಿಸಿತು. ರಸ್ತೆಯ ವಿನ್ಯಾಸ, ನಿರ್ಮಾಣ, ದುರಸ್ತಿಗಳಲ್ಲಿ ಗೊತ್ತುಪಡಿಸಿದ ಮಟ್ಟವನ್ನು ಪಾಲಿಸದೆ ಸಾವು ಅಥವಾ ಅಂಗವೈಕಲ್ಯ ಸಂಭವಿಸಿದರೆ ಹೊಣೆಗಾರನಾದ ಅಧಿಕಾರವರ್ಗಕ್ಕೋ ಗುತ್ತಿಗೆದಾರನಿಗೋ ಒಂದು ಲಕ್ಷ ರೂಪಾಯಿಗಳವರೆಗೆ ದಂಡ. ಒಂದು ಜೀವಕ್ಕೆ ಒಂದು ಲಕ್ಷ! ದಂಡವು ಹಾಸ್ಯಾಸ್ಪದವೆಂದು ನಾನೂ ಒಪ್ಪುತ್ತೇನೆ. ಆದರೆ ರಸ್ತೆಗೂ ಸಾವಿಗೂ ಮನುಷ್ಯಕರ್ತೃಕವಾದ ಸಂಬಂಧವುಂಟೆಂದು ಬರಹದಲ್ಲಿ ಒಪ್ಪಿಕೊಂಡದ್ದು ಸಣ್ಣ ಮಾತಲ್ಲ. ಅದೇ ತಿದ್ದುಪಡಿಯ 164ನೆಯ ಕಲಮಿನಂತೆ ಮೋಟಾರು ವಾಹನದ ದೆಸೆಯಿಂದ ಸತ್ತವನ ಮನೆಯವರು, ಯಾರದು ತಪ್ಪೆಂದು ರುಜುವಾತುಪಡಿಸುವ ಹೊರೆಯಿಲ್ಲದೆ, ವಾಹನದ ಒಡೆಯನಿಂದ ಅಥವಾ ವಿಮಾ ಕಂಪನಿಯಿಂದ ಐದು ಲಕ್ಷ ರೂಪಾಯಿಗಳನ್ನು ಕೇಳಬಹುದು. ತೀವ್ರವಾಗಿ ಗಾಯಗೊಂಡವರಿಗೆ ಎರಡೂವರೆ ಲಕ್ಷ. ನಷ್ಟಪರಿಹಾರದ ಅರ್ಜಿಗೆ ಆರು ತಿಂಗಳ ಗಡುವನ್ನು ತಂದದ್ದೂ ಅದೇ ತಿದ್ದುಪಡಿ. ಈಗ ಯೋಚಿಸಿರಿ. ದುಡಿಯುವ ಮಗನನ್ನು ಕಳೆದುಕೊಂಡ ಕೃಷ್ಣರಾಜಪುರದ ತಾಯಿಯೊಬ್ಬಳಿಗೆ ನೆರೆಯವರೂ ನೆಂಟರೂ ಪತ್ರಿಕೆಯವರೂ ಸೇರಿ ಇದು ಹಣೆಬರಹವೆಂದು ಆರು ತಿಂಗಳು ಉಪದೇಶಿಸಿದರೆ ಅವಳು ವಕೀಲನ ಮೆಟ್ಟಿಲು ಹತ್ತುವುದು ಯಾವಾಗ? ನಮ್ಮ ವೇದಾಂತದ ಬೆಲೆಯನ್ನು ತೆರುವವಳು ಅವಳು.

ಕಡೆಯ ಆಕ್ಷೇಪಣೆಯು ಕರುಣೆಯದು. ‘ಸತ್ತವರ ಮನೆಯಲ್ಲಿ ವಿಧಿಯೆಂಬುದೊಂದೇ ಆಸರೆ; ಅದನ್ನೂ ಕಿತ್ತುಕೊಳ್ಳುವಿರಾ?’ ಎಂದು ಮೃದುಹೃದಯರು ಕೇಳುತ್ತಾರೆ. ಈ ಮಾತಿಗೆ ನನ್ನಲ್ಲಿ ಗೌರವವಿದೆ. ಮಗನನ್ನು ಕಳೆದುಕೊಂಡವಳು ಹಣೆ ಚಚ್ಚಿಕೊಂಡು ವಿಧಿಯನ್ನು ಬಯ್ದರೆ ಅದು ಅವಳ ಹಕ್ಕು. ಆಗ ಅವಳೆದುರಿಗೆ ಯಾಜ್ಞವಲ್ಕ್ಯರನ್ನು ತೆರೆದಿಡುವವನು ಪಶು. ಆದರೆ ಅವಳ ಮಾತನ್ನು ಕದ್ದು ತನ್ನ ರಕ್ಷಣೆಗೆ ಬಳಸಲು ಗುತ್ತಿಗೆದಾರನಿಗೆ ಹಕ್ಕಿಲ್ಲ, ಮಂತ್ರಿಗಳಿಗೆ ಹಕ್ಕಿಲ್ಲ, ಟ್ಯಾಂಕರಿನ ಒಡೆಯನಿಗೆ ಹಕ್ಕಿಲ್ಲ. ಬರೆಯುವ ನಮಗೂ ಇಲ್ಲ. ಅಳುವವರ ಬಾಯಲ್ಲಿ ವಿಧಿಯು ಶೋಕ. ಅಗೆದವರ ಬಾಯಲ್ಲಿ ಅದೇ ಶಬ್ದ ಸುಳ್ಳುಸಾಕ್ಷಿ.

ನಮ್ಮ ಸಂಘದ ಕೈಯಲ್ಲಿ ಪಾಲಿಕೆಯಿಲ್ಲ, ಪೊಲೀಸಿಲ್ಲ, ಈ ಪತ್ರಿಕೆಯೊಂದಿದೆ. ಆದುದರಿಂದ ಸಂಪಾದಕ ಮಹಾಶಯರಲ್ಲಿ ನನ್ನ ಬಿನ್ನಹವಿಷ್ಟೆ. ಸಂತಾಪಸೂಚನೆಯ ಅಂಕಣದಲ್ಲಿ ರಸ್ತೆಯಲ್ಲಿ ಸತ್ತವರನ್ನು ಕುರಿತು ‘ವಿಧಿವಶರಾದರು’ ಎಂದು ಅಚ್ಚುಮಾಡುವುದನ್ನು ಈ ಸಂಚಿಕೆಯಿಂದಲೇ ಬಿಡಬೇಕು. ಅದಕ್ಕೆ ಬದಲಾಗಿ, ಮನೆಯವರು ಒಪ್ಪಿದಲ್ಲಿ, ಯಾವ ರಸ್ತೆ, ಯಾವ ವೇಳೆ, ದೀಪವಿತ್ತೇ, ಕಾಲುದಾರಿಯಿತ್ತೇ, ಗುಂಡಿಯಿತ್ತೇ, ಗಾಡಿ ಯಾವ ಬಗೆಯದು ಎಂಬಿಷ್ಟನ್ನು ಬರೆಯಬೇಕು. ನಾಲ್ಕು ಸಾಲು ಸಾಕು. ಹನ್ನೆರಡು ಸಂಚಿಕೆಗಳಾದ ಮೇಲೆ ಆ ಸಾಲುಗಳನ್ನೆಲ್ಲ ಒಂದೆಡೆ ಸೇರಿಸಿ, ಹಲಸೂರಿನಿಂದ ಕೃಷ್ಣರಾಜಪುರದವರೆಗಿನ ರಸ್ತೆಯ ನಕ್ಷೆಯೊಂದಿಗೆ ಪಾಲಿಕೆಯ ಕಮಿಷನರಿಗೂ ಸಂಚಾರ ಪೊಲೀಸರಿಗೂ ಕಳುಹಿಸಬಹುದು. ಸ್ಥಳಾಭಾವವೆನ್ನುವುದಾದರೆ ಕವಿತೆಯೊಂದನ್ನು ಮುಂದಿನ ತಿಂಗಳಿಗೆ ತಳ್ಳಲಿ. ನನ್ನ ಈ ಲೇಖನವನ್ನೇ ತಳ್ಳಿದರೂ ನನಗೆ ಆಕ್ಷೇಪವಿಲ್ಲ.